ಹೀರೋಯಿನ್ ಗಂಡನ ಮದುವೆಗೆ ಕಳಸಗಿತ್ತಿ

ಗುರುಪುರದ ಪಕ್ಕ, ನಮ್ಮೂರು,
ಹುಣಸೂರು ತಾಲ್ಲೂಕು.
12-11-2025, ಬುಧವಾರ

ಪ್ರೀತಿಯ ಅಕ್ಕನಿಗೆ ನಿನ್ನ ತಮ್ಮ ಮಹೇಂದ್ರನ ನಮಸ್ಕಾರಗಳು.

ಮೊದಲು ನಿನ್ನ ಮಂಡಿಯ ಸಮಾಚಾರ ತಿಳಿಸು. ಲಿಫ್ಟಿನ ಬಾಗಿಲು ಮುಚ್ಚಿಕೊಂಡರೆ ಉಸಿರು ಕಟ್ಟುತ್ತದೆ ಎಂದು ನಾಲ್ಕು ಮಹಡಿಯನ್ನೂ ಮೆಟ್ಟಿಲಲ್ಲೇ ಹತ್ತುತ್ತೀಯಂತೆ, ನಿನ್ನ ಮಗಳು ರೂಪಿಯೇ ಹೇಳಿದಳು. ಎಳ್ಳೆಣ್ಣೆ ಬಿಸಿ ಮಾಡಿ ಹಚ್ಚಿಕೊಳ್ಳುವುದನ್ನು ಬಿಟ್ಟಿಲ್ಲ ತಾನೇ? ಸಕ್ಕರೆ ಕಾಯಿಲೆ ಹತೋಟಿಯಲ್ಲಿದೆ ಎಂದು ಕೇಳಿ ಸಂತೋಷವಾಯಿತು. ಆದರೆ ಅವಳು ಶೂಟಿಂಗಿಗೆ ಹೊರಟ ಮೇಲೆ ನೀನು ಕಾಫಿಗೆ ಎರಡೆರಡು ಚಮಚ ಸಕ್ಕರೆ ಹಾಕಿಕೊಳ್ಳುವ ಸುದ್ದಿಯೂ ಇಲ್ಲಿಗೆ ಮುಟ್ಟಿದೆ. ನಾನು ಚೆನ್ನಾಗಿದ್ದೇನೆ. ಈ ಸಲ ಮಳೆ ಹೆಚ್ಚಾಗಿ ಹೊಗೆಸೊಪ್ಪು ತೆಳ್ಳಗೆ ಬಂದರೂ ಬಣ್ಣ ಚೆನ್ನಾಗಿ ಕೂತಿದೆ. ಹಸು ಈದಿದೆ, ಹೆಣ್ಣುಕರು.

ಅಕ್ಕ, ಈ ಕಾಗದವನ್ನು ಹರಿದು ಹಾಕಬೇಡ. ಹರಿಯಲೇಬೇಕಿದ್ದರೆ ಪೂರ್ತಿ ಓದಿ ಆಮೇಲೆ ಹರಿ. ಫೋನು ಮಾಡಿದರೆ ನೀನು ಎತ್ತುವುದಿಲ್ಲ. ಬೇರೆಯವರ ನಂಬರಿನಿಂದ ಮಾಡಿದರೂ ನನ್ನ ಕೆಮ್ಮು ಕೇಳಿದ ಕೂಡಲೇ ಇಟ್ಟುಬಿಡುತ್ತೀಯ. ಹನ್ನೊಂದು ವರ್ಷವಾಯಿತು ನನ್ನೊಂದಿಗೆ ಮಾತು ಬಿಟ್ಟು. ಅದಕ್ಕೇ ಈ ಕಾಲದಲ್ಲೂ ಲೈನು ಹಾಕಿದ ಹಾಳೆ ತಂದು ಬರೆಯಲು ಕೂತಿದ್ದೇನೆ. ಸುದ್ದಿ ಇಷ್ಟೇ: ನನಗೆ ಮದುವೆ ಗೊತ್ತಾಗಿದೆ. ಇದೇ ತಿಂಗಳ ಮೂವತ್ತು, ಭಾನುವಾರ, ನಮ್ಮೂರ ಸಮುದಾಯ ಭವನದಲ್ಲಿ. ಈ ಸಾಲು ಬರೆದು ನಾನೇ ಎರಡು ಸಲ ಓದಿಕೊಂಡೆ. ನಲವತ್ತಮೂರು ವರ್ಷದ, ಮೀಸೆ ಅರ್ಧ ನರೆತ ಗಂಡಸು ಹೀಗೆ ಬರೆದುಕೊಂಡು ಒಬ್ಬನೇ ನಗುತ್ತಿರುವುದನ್ನು ನೀನು ನೋಡಿದ್ದರೆ ತಲೆಗೆ ಒಂದು ಮೊಟಕುತ್ತಿದ್ದೆ. ನೀನು ಬರುತ್ತೀಯಾ ಎಂಬುದೊಂದೇ ನನಗೆ ಬೇಕಾದ ಉತ್ತರ. ಕೇಳಿಬಿಟ್ಟೆ, ಈಗ ಎದೆ ಸ್ವಲ್ಪ ಹಗುರವಾಯಿತು. ಉತ್ತರವನ್ನು ಕೊನೆಯಲ್ಲಿ ಕೊಡು, ಅಲ್ಲಿಯವರೆಗೆ ನಾನು ಸ್ವಲ್ಪ ಹರಟುತ್ತೇನೆ.

ಹುಡುಗಿಯ ಹೆಸರು ಸುಕನ್ಯ. ಹುಡುಗಿ ಎಂದರೆ ಅವಳು ನಗುತ್ತಾಳೆ, ಮೂವತ್ತೆಂಟು ವಯಸ್ಸು. ಎಚ್.ಡಿ. ಕೋಟೆ ಕಡೆಯವಳು, ಅಲ್ಲಿನ ಸಣ್ಣಬೀರಯ್ಯನವರ ಮಗಳು. ಅವರಿಗೆ ಲಕ್ವ ಹೊಡೆದು ಮಲಗಿದಾಗ ನೋಡಿಕೊಳ್ಳಲು ನಿಂತವಳು ಮದುವೆಯ ವಯಸ್ಸನ್ನು ಹಾಗೇ ದಾಟಿಬಿಟ್ಟಳು. ಈಗ ಅವರು ಕೋಲು ಹಿಡಿದು ಓಡಾಡುತ್ತಾರೆ. ಸುಕನ್ಯ ನಮ್ಮೂರ ಅಂಚೆ ಕಚೇರಿಯ ಪೋಸ್ಟ್ ಮಾಸ್ಟರ್. ಬಂದು ಏಳು ವರ್ಷವಾಯಿತು. ನಿನ್ನ ಕಾಲದಲ್ಲಿ ಪೋಸ್ಟಾಫೀಸು ಚಾವಡಿಯ ಒಂದು ಮೂಲೆಯಲ್ಲಿತ್ತಲ್ಲ, ಈಗ ಶಾಲೆಯ ಹಿಂದಿನ ಕೋಣೆಗೆ ಬಂದಿದೆ. ಕುಳ್ಳಿ, ಮಾತು ಕಡಿಮೆ, ಲೆನ್ಸು ದಪ್ಪಗಿರುವ ಕನ್ನಡಕ. ಸಿನಿಮಾ ನೋಡುವ ಅಭ್ಯಾಸವೇ ಇಲ್ಲ. ನನ್ನ ಪಾಲಿಗೆ ಇದು ಎಂಥ ದೊಡ್ಡ ಗುಣ ಎಂದು ನಿನಗೆ ಬಿಡಿಸಿ ಹೇಳಬೇಕಿಲ್ಲ.

ಯಾಕೆಂದರೆ ಅಕ್ಕ, ಈ ಊರಲ್ಲಿ ನನಗೆ ಮಹೇಂದ್ರ ಎಂಬ ಹೆಸರಿರುವುದೇ ಜನಕ್ಕೆ ಮರೆತುಹೋಗಿತ್ತು. ರೂಪಿಯ ನಾಲ್ಕನೇ ಸಿನಿಮಾ ಓಡಿದ ಮೇಲೆ ನಾನು ಹೀರೋಯಿನ್ ಗಂಡ. ಪಿರಿಯಾಪಟ್ಟಣದ ಹರಾಜು ಮಾರುಕಟ್ಟೆಗೆ ಹೊಗೆಸೊಪ್ಪಿನ ಬೇಲು ಹೊತ್ತು ಹೋದರೆ ಅಲ್ಲಿಯ ಹಮಾಲರೂ 'ಹೀರೋಯಿನ್ ಗಂಡಂದು ಬಂತು, ಜಾಗ ಬುಡ್ರಲಾ' ಎನ್ನುತ್ತಿದ್ದರು. ಕೋರ್ಟಿನಲ್ಲಿ ಬಿಡುಗಡೆಯಾಗಿ ಎಷ್ಟೋ ವರ್ಷವಾದ ಮೇಲೂ ಆ ಬಿರುದು ಹೋಗಲಿಲ್ಲ. ಹೋದ ವರ್ಷ ಯೂಟ್ಯೂಬಿನವರು ಇಬ್ಬರು ಮೈಸೂರಿನಿಂದ ಮೈಕು ಹಿಡಿದು ಬಂದರು. ನಾನು ಸೊಪ್ಪು ಬೇಯಿಸುವ ಬ್ಯಾರನ್ನಿನ ಒಲೆಗೆ ಸೌದೆ ತುಂಬುತ್ತಿದ್ದೆ. 'ಮೇಡಂ ನಿಮ್ಮನ್ನ ಯಾಕೆ ಬಿಟ್ರು ಸಾರ್' ಎಂದು ಕೇಳಿದರು. ಸೌದೆ ಕೈಗೆ ಕೊಟ್ಟು ಒಳಗೆ ನೂಕಿ ಎಂದೆ, ಪಾಪ ನೂಕಿದರು. ಹಸಿ ಸೌದೆಯ ಹೊಗೆಗೆ ನನ್ನ ಕಣ್ಣಲ್ಲಿ ನೀರು ಸುರಿಯುತ್ತಿತ್ತು. ವಾರ ಕಳೆದ ಮೇಲೆ ನೋಡಿದರೆ, 'ಇಂದಿಗೂ ಅಳುವ ಮಾಜಿ ಪತಿ' ಎಂದು ವಿಡಿಯೋ ಬಂದಿದೆ, ಹಿಂದೆ ಪಿಟೀಲು ಬೇರೆ. ಮೂರು ಲಕ್ಷ ಜನ ನೋಡಿದರಂತೆ. ನೀನೂ ನೋಡಿದ್ದರೆ ನಂಬಬೇಡ, ಅದು ನೀಲಗಿರಿ ಮರದ ಹೊಗೆ.

ಇನ್ನು ಕಾಗದಗಳ ಕಥೆ. ರೂಪಿ ಯಾವುದೋ ಟಿವಿ ಸಂದರ್ಶನದಲ್ಲಿ ನಮ್ಮೂರಿನ ಹೆಸರನ್ನು ತನ್ನ ಊರು ಎಂದು ಹೇಳಿಬಿಟ್ಟಿದ್ದಳು. ಅವಳು ಹುಟ್ಟಿ ಬೆಳೆದದ್ದು ಕೆ.ಆರ್. ನಗರದ ನಿಮ್ಮ ಮನೆಯಲ್ಲಿ, ಇಲ್ಲಿದ್ದದ್ದು ಮೂರು ವರ್ಷ, ಆದರೂ ಯಾಕೆ ಹಾಗೆ ಹೇಳಿದಳೋ. ಅಂದಿನಿಂದ ಅವಳ ಅಭಿಮಾನಿಗಳ ಕಾಗದಗಳೆಲ್ಲ ಇಲ್ಲಿಗೆ ಬರತೊಡಗಿದವು. ಅರ್ಧಕ್ಕರ್ಧ ಕಾರ್ಡುಗಳು, ಬೇಡವೆಂದರೂ ಕಣ್ಣಿಗೆ ಬೀಳುತ್ತವೆ. ಅದರಲ್ಲಿ ಹೆಚ್ಚಿನವು ಮದುವೆಯ ಪ್ರಸ್ತಾಪ. ಒಬ್ಬ ತನ್ನ ನಕ್ಷತ್ರ, ಎತ್ತರ, ನಾಲೆ ಬದಿಯ ನಾಲ್ಕು ಎಕರೆ ಎಲ್ಲ ಬರೆದು, 'ಹಿಂದಿನ ಗಂಡನ ಬಗ್ಗೆ ನನಗೆ ಬೇಸರವಿಲ್ಲ' ಎಂದು ದೊಡ್ಡ ಮನಸ್ಸು ಮಾಡಿದ್ದ. ಅದನ್ನು ಆ ಹಿಂದಿನ ಗಂಡನೇ ನಿಂತು ಓದಿದ. ಹಳೆಯ ಪೋಸ್ಟ್ ಮಾಸ್ಟರು ಎಲ್ಲವನ್ನೂ ನನ್ನ ಜಗುಲಿಗೆ ಎಸೆದು ಹೋಗುತ್ತಿದ್ದರು. ಸುಕನ್ಯ ಬಂದವಳು ಹಾಗೆ ಕೊಡಲಾಗುವುದಿಲ್ಲ ಎಂದಳು. ವಿಳಾಸದಾರರು ಇಲ್ಲಿಲ್ಲದಿದ್ದರೆ ಸಂಬಂಧಿಕರು ಒಂದು ಅರ್ಜಿ ಬರೆದು ಕೊಡಬೇಕಂತೆ, ಈಗಿರುವ ವಿಳಾಸ ಹಾಕಿ. ಕರೆಸಿ ಕೂರಿಸಿ, ಪೆನ್ನು ಹಿಡಿದು, 'ನೀವು ಅವರಿಗೆ ಏನಾಗಬೇಕು' ಎಂದು ಕೇಳಿದಳು. ಹೊರಗೆ ಪೆನ್ಷನ್ನಿಗೆ ಬಂದವರು ಕಿವಿ ನಿಮಿರಿಸಿಕೊಂಡು ನಿಂತಿದ್ದರು. ನಾನು 'ಮಾಜಿ...' ಎಂದು ಶುರು ಮಾಡಿದೆ. ಅವಳು ತಲೆ ಎತ್ತದೆ, 'ಮಾಜಿ ಅಂತ ಸಂಬಂಧ ಬರೆಯೋಕೆ ಬರಲ್ಲ. ಬೇರೆ ನೆಂಟಸ್ತನ ಏನೂ ಇಲ್ವಾ' ಎಂದಳು. ಎಷ್ಟು ಹೊತ್ತು ಯೋಚಿಸಿದೆನೋ. ಆಮೇಲೆ 'ಸೋದರಮಾವ' ಎಂದೆ. ಅವಳು ಅದನ್ನೇ ನೀಲಿ ಶಾಯಿಯಲ್ಲಿ ದುಂಡಗೆ ಬರೆದು, 'ಇದು ಸರಿ, ಸೈನ್ ಮಾಡಿ' ಎಂದಳು. ನಾನು ಸಹಿ ಹಾಕಿ ಹೊರಗೆ ಬಂದು ಬೆಂಚಿನ ಮೇಲೆ ಕೂತುಬಿಟ್ಟೆ. ನಾನು ರೂಪಿಗೆ ಏನಾಗಬೇಕು ಎಂಬ ಪ್ರಶ್ನೆಗೆ ಅಷ್ಟು ಸುಲಭದ ಉತ್ತರ ಇದೆ ಎಂದು ನನಗೇ ಹೊಳೆದಿರಲಿಲ್ಲ ಅಕ್ಕ.

ಅಂದಿನಿಂದ ತಿಂಗಳಿಗೊಮ್ಮೆ ಆ ಕಟ್ಟನ್ನು ರೂಪಿಯ ವಿಳಾಸಕ್ಕೆ ಕಳಿಸುವ ನೆಪದಲ್ಲಿ ಹೋಗುತ್ತಿದ್ದವನು ಬರಬರುತ್ತಾ ವಾರಕ್ಕೊಮ್ಮೆ ಹೋಗತೊಡಗಿದೆ. ಯಾರಿಗೂ ಬರೆಯುವುದಿಲ್ಲದಿದ್ದರೂ ಕಾರ್ಡು ಕೊಳ್ಳುತ್ತಿದ್ದೆ. ಪೆಟ್ಟಿಗೆಯ ತುಂಬ ಖಾಲಿ ಕಾರ್ಡುಗಳಿವೆ, ಬಂದಾಗ ತೋರಿಸುತ್ತೇನೆ. ದೀಪಾವಳಿಗೆ ಮೊದಲು ಒಂದು ದಿನ ಸುಕನ್ಯ ಮುದ್ರೆ ಒತ್ತುತ್ತಾ ಒತ್ತುತ್ತಾ, 'ಇಷ್ಟೊಂದು ಕಾರ್ಡು ತಗೊಂಡು ಏನು ಮಾಡ್ತೀರಿ' ಎಂದು ಕೇಳಿದಳು. ಸುಳ್ಳು ಹೇಳಲು ಬಾರದೆ ಎಲ್ಲ ಹೇಳಿಬಿಟ್ಟೆ. ಅವಳು ಮುದ್ರೆ ಕೆಳಗಿಟ್ಟು, ಕನ್ನಡಕ ಒರೆಸಿ ಮತ್ತೆ ಹಾಕಿಕೊಂಡು, 'ನಮ್ಮಪ್ಪನ ಹತ್ರ ಬಂದು ಕೇಳಿ. ಭಾನುವಾರ ರಜ' ಎಂದಳು. ನಾನು ಮನೆಗೆ ಹೋಗುವ ದಾರಿ ತಪ್ಪಿ ಟಿಬೆಟ್ ಕ್ಯಾಂಪಿನವರೆಗೂ ನಡೆದು ಹೋಗಿದ್ದೆ. ಅಲ್ಲಿ ಸ್ವೆಟರ್ ಅಂಗಡಿಯ ಅಜ್ಜಿ ಕರೆದು ಚಹಾ ಕೊಟ್ಟಾಗಲೇ ಎಲ್ಲಿದ್ದೇನೆ ಎಂದು ಗೊತ್ತಾದದ್ದು. ಭಾನುವಾರ ಕೋಟೆಗೆ ಹೋದೆ. ಸಣ್ಣಬೀರಯ್ಯನವರು ನನ್ನನ್ನು ಅಡಿಯಿಂದ ಮುಡಿಯವರೆಗೆ ನೋಡಿ ಕೇಳಿದ್ದು ಒಂದೇ ಪ್ರಶ್ನೆ: 'ನಿಮ್ಮ ಕಡೆ ಇರಿಯರು ಯಾರವ್ರೆ?' ಅಕ್ಕ ಇದ್ದಾಳೆ ಎಂದೆ. 'ಬತ್ತಾರಾ?' ಎಂದರು. ಬರುತ್ತಾಳೆ ಎಂದುಬಿಟ್ಟೆ. ಇದು ನಾನು ಮಾಡಿರುವ ಒಂದು ತಪ್ಪು, ಈಗಲೇ ಒಪ್ಪಿಕೊಳ್ಳುತ್ತೇನೆ.

ಈಗ ಊರಿನ ಗದ್ದಲ ಕೇಳು. ನಮ್ಮಲ್ಲಿ ಶಾಸ್ತ್ರ ಸಂಪ್ರದಾಯ ಏನಿದ್ದರೂ ಕೊನೆಯ ಮಾತು ಭದ್ರಮ್ಮನದೇ. ಎಂಬತ್ತು ದಾಟಿದೆ, ಕಣ್ಣು ಮಂಜಾಗಿದೆ, ನಾಲಿಗೆ ಮಾತ್ರ ನೀನು ಬಿಟ್ಟು ಹೋದಾಗ ಹೇಗಿತ್ತೋ ಹಾಗೇ ಇದೆ. ಹೋದ ಶುಕ್ರವಾರ ನಮ್ಮ ಜಗುಲಿಯ ಮೇಲೆ ಎಲ್ಲರೂ ಸೇರಿದ್ದಾಗ ಅಡಿಕೆ ಕುಟ್ಟುತ್ತಾ 'ಕಳಸಗಿತ್ತಿ ಯಾರ್ಲಾ' ಎಂದು ಕೇಳಿದಳು. ಧಾರೆಯ ಹೊತ್ತಿಗೆ ಮದುಮಗನ ಹಿಂದೆ ಕಳಸ ಹಿಡಿದು ನಿಲ್ಲಲು ಒಡಹುಟ್ಟಿದವಳು ಬೇಕಲ್ಲ. ನಾನು ಬಾಯಿ ತೆರೆಯುವಷ್ಟರಲ್ಲಿ ಅವಳೇ ತೀರ್ಪು ಕೊಟ್ಟಳು: 'ಗಂಡ ಓದ್ಮೇಲೆ ನಿಮ್ಮಕ್ಕ ಪುಟ್ಟತಾಯಿಗೆ ಆ ಭಾಗ್ಯ ಇಲ್ಲ ಬುಡು. ಅಕ್ಕಂಗಾಗ್ದಿದ್ರೆ ಅಕ್ಕನ ಮಗಳು. ಅದೇ ಕಣ್ಲಾ ಮೊದ್ಲಿಂದ ನಡ್ಕಂಡು ಬಂದಿರಾದು.' ಅಕ್ಕನ ಮಗಳು ಎಂದರೆ ರೂಪಿ, ರೂಪಿ ಎಂದರೆ ನಾನು ಮೊದಲು ತಾಳಿ ಕಟ್ಟಿದವಳು. ಊರ ಯಜಮಾನ ಚಲುವಯ್ಯ ಗಂಟಲು ಸರಿಮಾಡಿಕೊಂಡು, 'ಅಲ್ಲಾ ಭದ್ರಮ್ಮ, ಕಳಸ ಇಡ್ಯೋಕೆ ಮುತ್ತೈದೆ ಆಗಿರ್ಬೇಕಲ್ವಾ? ಆ ಮಗೂನ ಕೋರ್ಟಲ್ಲಿ ಬುಟ್ಟಾಗದೆ' ಎಂದ. ಭದ್ರಮ್ಮ ಕುಟ್ಟಾಣಿ ಎತ್ತಿ ನನ್ನ ಕಡೆ ತೋರಿಸಿದಳು. 'ತಾಳಿ ಕಟ್ಟಿದೋನು ಇಗಾ ಇಲ್ಲೇ ಗುಂಡ್ಕಲ್ಲಂಗೆ ಕುಂತವ್ನೆ. ಗಂಡ ಬದುಕವ್ನೆ ಅಂದ್ಮೇಲೆ ಮುತ್ತೈದೆನೇ ಕಣಯ್ಯ. ಕೋರ್ಟಿನೋರು ಬಂದು ಕುಂಕುಮ ಅಳಿಸ್ತಾರಾ?' ನಾನು ಬದುಕಿರುವುದರಿಂದಲೇ ರೂಪಿ ನನ್ನ ಮದುವೆಗೆ ಕಳಸ ಹಿಡಿಯಲು ಯೋಗ್ಯಳು ಎಂಬುದು ಅವಳ ಲೆಕ್ಕ. ಚಲುವಯ್ಯ ನಕ್ಕು ನಕ್ಕು ಕಂಬಕ್ಕೆ ಒರಗಿಬಿಟ್ಟ.

ಅಲ್ಲಿಂದಲೇ ಫೋನು ಮಾಡಿಸಿದರು. ರೂಪಿ ಮಂಗಳೂರಿನಲ್ಲಿ ಶೂಟಿಂಗಿನಲ್ಲಿದ್ದಳು. ವಿಷಯ ಕೇಳಿ ಮೊದಲು ಕಿರುಚಿದಳು, ಆಮೇಲೆ ನಕ್ಕಳು. 'ಮಾಮ, ನಿಜವಾಗ್ಲೂ ನಾನೇ ಹಿಡೀಬೇಕಾ? ನಿನ್ನ ಪಕ್ಕ ಹಸೆಮಣೆ ಮೇಲೆ ಕೂತಿದ್ದಕ್ಕಿಂತ ನಿನ್ನ ಹಿಂದೆ ನಿಲ್ಲೋದು ನಂಗೆ ಚೆನ್ನಾಗಿ ಒಪ್ಪುತ್ತೆ ಕಣೋ' ಎಂದಳು. ಮೂವತ್ತನೇ ತಾರೀಕಿನ ಶೂಟಿಂಗನ್ನು ಅಲ್ಲೇ ಮುಂದಕ್ಕೆ ಹಾಕಿಸಿದಳು. ಸುಕನ್ಯಳ ಹತ್ತಿರವೂ ಮಾತಾಡಿದಳು. ಏನು ಮಾತಾಡಿದರೋ, ಹದಿನೈದು ನಿಮಿಷ ಮಾತಾಡಿದ ಮೇಲೆ ಸುಕನ್ಯ ಫೋನು ಕೊಟ್ಟು, 'ನೀವು ಮೂಗಿಗೆ ನಶ್ಯ ಹಾಕ್ತಿದ್ರಂತೆ' ಎಂದಳು ಅಷ್ಟೇ. ಇದು ನಡೆದ ಮೇಲೆ ಊರು ಊರಾಗಿ ಉಳಿದಿಲ್ಲ. ಚಲುವಯ್ಯ ಭವನದ ಮುಂದೆ ಬಿದಿರಿನ ತಡೆ ಕಟ್ಟಿಸುತ್ತಿದ್ದಾನೆ, ಹುಣಸೂರಿಗೆ ಹೋಗಿ ಇಬ್ಬರು ಪೊಲೀಸರನ್ನು ಕೇಳಿ ಬಂದಿದ್ದಾನೆ. ಗುರುಪುರದ ಸರ್ಕಲಿನಲ್ಲಿ ಫ್ಲೆಕ್ಸ್ ಹಾಕುತ್ತಾರಂತೆ. ಅದರ ಮಾದರಿ ನೋಡಿದೆ. ರೂಪಿಯ ಚಿತ್ರ ಬಾಗಿಲಿನಷ್ಟು, ನನ್ನದು ಮೂಲೆಯಲ್ಲಿ ಹಪ್ಪಳದಷ್ಟು, ಮದುಮಗಳದು ಇಲ್ಲವೇ ಇಲ್ಲ. ಸುಕನ್ಯ ಬೇಸರ ಮಾಡಿಕೊಳ್ಳಲಿಲ್ಲ. 'ನನ್ನ ಫೋಟೋ ಬೇಡ, ಊರಿನ ಪಿನ್ ಕೋಡ್ ತಪ್ಪಾಗಿದೆ, ಅದನ್ನ ಸರಿ ಮಾಡ್ಸಿ' ಎಂದಳು.

ನಗುತ್ತಿದ್ದೀಯಾ ಅಕ್ಕ? ಒಂದು ಸಲವಾದರೂ ನಕ್ಕಿರುತ್ತೀಯ. ನೀನು ನಗುವಾಗ ಸೆರಗಿನಿಂದ ಬಾಯಿ ಮುಚ್ಚಿಕೊಂಡರೂ ಭುಜ ಕುಣಿಯುತ್ತದೆ, ಅದು ಮುಚ್ಚುವುದಿಲ್ಲ. ಈಗ ಸ್ವಲ್ಪ ಕಷ್ಟದ ಮಾತು ಬರೆಯುತ್ತೇನೆ, ಬೈಯಬೇಡ.

ನನಗೆ ಹತ್ತು ವರ್ಷವಾಗಿದ್ದಾಗ ಅವ್ವ ಹೋದಳು. ಮಣ್ಣು ಮಾಡಿ ಬಂದ ಸಂಜೆಯೇ ನೀನು ನನ್ನ ಎರಡು ಅಂಗಿಗಳನ್ನು ಚೀಲಕ್ಕೆ ತುರುಕಿ ನಿಮ್ಮೂರ ಬಸ್ಸು ಹತ್ತಿಸಿದೆ. ನಿಮ್ಮತ್ತೆ ಮುಖ ಸಿಂಡರಿಸಿದಾಗ ಬಾವ ದೇವರಾಜು, 'ಒಂದು ಮುದ್ದೆ ಎಚ್ಗೆ ತಿರುವುದ್ರಾಯ್ತು ಬುಡವ್ವ' ಎಂದರು. ಆ ಮಾತು ಇವತ್ತಿಗೂ ನನ್ನ ಕಿವಿಯಲ್ಲಿದೆ. ಇಪ್ಪತ್ತಾದ ಮೇಲೆ ನಾನು ಅಪ್ಪನ ಹೊಲ ಮಾಡಲು ಇಲ್ಲಿಗೆ ಬಂದಾಗ ನೀನು ಒಂದು ತಿಂಗಳು ಅಳುತ್ತಲೇ ಇದ್ದೆಯಂತೆ. ಆಮೇಲೆ ರೂಪಿಗೆ ಹೊರಗಿನಿಂದ ಗಂಡು ಬರತೊಡಗಿದಾಗ ನಿನಗೆ ಎರಡನೇ ಸಲ ಭಯ ಶುರುವಾಯಿತು. ತಮ್ಮನೂ ದೂರವಾದ, ಮಗಳೂ ದೂರವಾದರೆ ತನಗೆ ಯಾರು ಎಂದು. ಆ ಭಯಕ್ಕೆ ನೀನು ಕಂಡುಕೊಂಡ ಔಷಧಿ ನಮ್ಮಿಬ್ಬರ ಮದುವೆ. ಇಬ್ಬರನ್ನೂ ಒಂದೇ ಗಂಟಿನಲ್ಲಿ ಕಟ್ಟಿಬಿಟ್ಟರೆ ಎಲ್ಲಿಗೂ ಹೋಗುವುದಿಲ್ಲ ಎಂದುಕೊಂಡೆ. ಅಕ್ಕನ ಮಗಳನ್ನು ತರುವುದು ನಮ್ಮಲ್ಲಿ ಹೊಸದಲ್ಲ, ಎಲ್ಲರೂ ಭೇಷ್ ಎಂದರು. ನಾನು ಹೂಂ ಎಂದೆ. ರೂಪಿಯೂ ಹೂಂ ಎಂದಳು. ಇಬ್ಬರೂ ನಿನ್ನ ಮುಖ ನೋಡಿ ಹೂಂ ಎಂದೆವು, ಒಬ್ಬರ ಮುಖ ಒಬ್ಬರು ನೋಡಿಕೊಳ್ಳಲಿಲ್ಲ. ಇದನ್ನು ಹದಿನಾರು ವರ್ಷ ಬಾಯಲ್ಲಿಟ್ಟುಕೊಂಡಿದ್ದೆ, ಇವತ್ತು ಬರೆದೆ.

ಆ ಮದುವೆಯಲ್ಲಿ ನಿನ್ನ ಪಾಡು ನೆನಪಿದೆಯಾ? ಹೆಣ್ಣಿನ ತಾಯಿಯೂ ನೀನೇ, ಗಂಡಿನ ಅಕ್ಕನೂ ನೀನೇ. ಈ ಕಡೆ ಬಂದು ಅಳುತ್ತಿದ್ದೆ, ಆ ಕಡೆ ಹೋಗಿ ನಗುತ್ತಿದ್ದೆ. ಬೀಗಿತ್ತಿಯ ಮಡಿಲು ತುಂಬುವ ಹೊತ್ತಿಗೆ ಬಾವ, 'ನಿನ್ನ ಮಡ್ಲ ನೀನೇ ತುಂಬ್ಕೊ' ಎಂದು ಅಕ್ಕಿಯ ಮೊರ ಮುಂದಿಟ್ಟಿದ್ದರು. ನನ್ನ ಕಳಸ ಹಿಡಿದದ್ದು ದೊಡ್ಡಪ್ಪನ ಮಗಳು ಸೋಮಮ್ಮ. ಧಾರೆ ಮುಗಿದ ಮೇಲೆ ಯಾರೋ ಹಿರಿಯರು, 'ಇನ್ಮೇಲೆ ಅಕ್ಕ ಅನ್ನಂಗಿಲ್ಲ ಕಣಯ್ಯ, ಅತ್ತೆ ಅನ್ಬೇಕು' ಎಂದು ತಮಾಷೆ ಮಾಡಿದರು. ನೀನು ನಕ್ಕೆ, ನಾನೂ ನಕ್ಕೆ. ಆದರೆ ಆಮೇಲಿನ ಐದು ವರ್ಷ ನಾನು ನಿನ್ನನ್ನು ಏನೆಂದೂ ಕರೆಯಲಿಲ್ಲ ಅಕ್ಕ. ಅತ್ತೆ ಎನ್ನಲು ಬಾಯಿ ಬರಲಿಲ್ಲ, ಅಕ್ಕ ಎನ್ನಲು ನಾಚಿಕೆಯಾಯಿತು. 'ಇಗೋ', 'ನೋಡಿಲ್ಲಿ' ಎಂದೇ ಕಾಲ ಹಾಕಿದೆ. ನೀನು ಗಮನಿಸಿದ್ದೆಯೋ ಇಲ್ಲವೋ.

ನಾವಿಬ್ಬರೂ ಜಗಳವಾಡಲೇ ಇಲ್ಲ. ಜಗಳವಾಡುವಷ್ಟು ಗಂಡ ಹೆಂಡಿರು ನಾವು ಆಗಿರಲಿಲ್ಲ. ಅವಳು ಕೊನೆಯವರೆಗೂ ನನ್ನನ್ನು ಮಾಮ ಎಂದೇ ಕರೆದಳು. ಅವಳಿಗೆ ನಾಟಕದ ಹುಚ್ಚು ಎಂದು ಗೊತ್ತಾದಾಗ ಮೈಸೂರಿಗೆ ಕರೆದುಕೊಂಡು ಹೋದವನು ನಾನೇ. ಸೀರಿಯಲ್ಲಿನವರು ಆರಿಸಿಕೊಂಡ ದಿನ ಇಬ್ಬರೂ ಬಸ್ ಸ್ಟ್ಯಾಂಡಿನಲ್ಲಿ ಕುಣಿದಿದ್ದೆವು. ಕೋರ್ಟಿನಲ್ಲಿ ಸಹಿ ಹಾಕಿದ ದಿನವೂ ಒಟ್ಟಿಗೇ ಹೋಟೆಲಿಗೆ ಹೋಗಿ ಮಸಾಲೆ ದೋಸೆ ತಿಂದೆವು. ಆಗ ಅವಳು, 'ಅಮ್ಮಂಗೆ ಯಾರು ಹೇಳೋದು ಮಾಮ' ಎಂದು ಅಳಲು ಶುರು ಮಾಡಿದಳು. ನಾನು ಹೇಳುತ್ತೇನೆ ಎಂದೆ. ಬಂದು ನಿನ್ನ ಮುಂದೆ ನಿಂತು, ನಾನೇ ಬೇಡ ಎಂದೆ, ಅವಳದೇನೂ ತಪ್ಪಿಲ್ಲ ಎಂದೆ. ಅದು ಪೂರ್ತಿ ನಿಜವಲ್ಲ. ಇಬ್ಬರೂ ಬೇಡ ಎಂದೆವು. ಹೀಗೆ ಬರೆಯಲು ರೂಪಿಯೇ ಹೇಳಿದ್ದಾಳೆ, ಅವಳ ಮೇಲೆ ರೇಗಬೇಡ. ಅವತ್ತು ನೀನು ಬಾಗಿಲಿಗೆ ಅಡ್ಡ ನಿಂತು, 'ನನ್ ಮಗಳ ಬುಟ್ಟೋನು ನಂಗೆ ತಮ್ಮ ಎಂಗಾದಾನು? ಓಗು' ಎಂದೆ. ನಾನು ಹೋದೆ. ಬಾವ ತೀರಿಕೊಂಡಾಗ ತಿಥಿಗೆ ಬಂದು ಪೆಂಡಾಲಿನ ಹೊರಗೆ ನಿಂತಿದ್ದೆ. ನೀನು ನೋಡಿದೆ, ನೋಡಿ ಒಳಗೆ ಹೋದೆ. ಬಾವನ ಎಡೆಗೆ ಕೈಮುಗಿದು, ಊಟ ಮಾಡದೆ ಬಂದೆ.

ಜನ ನನ್ನನ್ನು ನೋಡಿ, ಪಾಪ, ಅಂಥ ಹೆಂಡತಿ ಕೈತಪ್ಪಿ ಹೋದಳು ಎನ್ನುತ್ತಾರೆ. ರೂಪಿ ನನಗೆ ತಪ್ಪಿ ಹೋಗಿಲ್ಲ. ಗೌರಿ ಹಬ್ಬಕ್ಕೆ ಫೋನು ಮಾಡುತ್ತಾಳೆ, ಸೊಪ್ಪಿನ ಗ್ರೇಡು ಕೇಳುತ್ತಾಳೆ, ಬಾಗಿನ ಕಳಿಸಲಿಲ್ಲ ಎಂದು ಮುನಿಸಿಕೊಳ್ಳುತ್ತಾಳೆ. ಕೈತಪ್ಪಿ ಹೋದವಳು ನೀನು. ಮೂರು ಲಕ್ಷ ಜನ ನೋಡಿದ ಆ ವಿಡಿಯೋದಲ್ಲಿ ಅದೊಂದನ್ನು ಯಾರೂ ಕೇಳಲಿಲ್ಲ.

ಸಾಕು, ಹಾಳೆ ಮುಗಿಯುತ್ತಾ ಬಂತು. ರೂಪಿಗೆ ಮಾವನ ಆಶೀರ್ವಾದ ತಿಳಿಸು. ನಿಮ್ಮ ಎದುರು ಮನೆಯ ಆ ಮಲಯಾಳಿ ಟೀಚರಮ್ಮ ನಿನ್ನನ್ನು ಡಾಕ್ಟರ ಹತ್ತಿರ ಕರೆದುಕೊಂಡು ಹೋಗುತ್ತಾರಂತಲ್ಲ, ಅವರಿಗೂ ನನ್ನ ನಮಸ್ಕಾರ ಹೇಳು. ಸುಕನ್ಯ ನಿನ್ನ ಕಾಲಿಗೆ ಬೀಳುತ್ತೇನೆ ಎಂದು ಬರೆಯಲು ಹೇಳಿದ್ದಾಳೆ. ಚಪ್ಪರಕ್ಕೆ ಸೊಪ್ಪು ತರುವುದು, ಅಡಿಗೆಯವರಿಗೆ ಹೇಳುವುದು, ಎಲ್ಲ ಬಾಕಿ ಇದೆ. ಮಂಡಿಯ ಮೇಲೆ ನಿಗಾ ಇರಲಿ. ಕಾಫಿಗೆ ಸಕ್ಕರೆ ಕಡಿಮೆ ಮಾಡು.

ನಿನ್ನ ಕೈತುತ್ತು ತಿಂದು ಬೆಳೆದ ತಮ್ಮ,
ಮಹೇಂದ್ರ

ವಿ.ಸೂ.: ಟಪಾಲು ಚೀಲ ಕಟ್ಟುವ ಹೊತ್ತಾಯಿತು, ಸುಕನ್ಯ ಗೋಂದು ಹಿಡಿದುಕೊಂಡು ನಿಂತಿದ್ದಾಳೆ. ಅಕ್ಕ, ಇಷ್ಟುದ್ದ ಬರೆದೂ ಮುಖ್ಯವಾದದ್ದನ್ನು ಬರೆಯಲು ಧೈರ್ಯ ಬರಲಿಲ್ಲ. ನಿನ್ನೆ ರೂಪಿಗೆ ಫೋನು ಮಾಡಿ, ನೀನು ಮದುವೆಗೆ ಬಾ, ಕಳಸ ಮಾತ್ರ ಹಿಡಿಯಬೇಡ ಎಂದೆ. ಅವಳು, 'ಅಮ್ಮನ್ನ ಕೇಳ್ತೀಯಾ ಮಾಮ' ಎಂದಳು. ಹೌದು, ನಿನ್ನನ್ನೇ ಕೇಳುತ್ತಿದ್ದೇನೆ. ಕಳಸ ನೀನು ಹಿಡಿಯಬೇಕು. ಬಾವ ಇಲ್ಲ, ಹಣೆಯಲ್ಲಿ ಕುಂಕುಮ ಇಲ್ಲ, ಒಳ್ಳೆಯ ಕೆಲಸಕ್ಕೆ ಮುಂದೆ ನಿಲ್ಲಬಾರದು ಎಂದು ನೀನು ಹೇಳುತ್ತೀಯ, ಗೊತ್ತಿದೆ. ಸುಕನ್ಯ, ಅವರ ಕೈಯಲ್ಲೇ ಆಗಬೇಕು ಎಂದಿದ್ದಾಳೆ. ಸಣ್ಣಬೀರಯ್ಯನವರು ಒಪ್ಪಿದ್ದಾರೆ. ಭದ್ರಮ್ಮ ಮೂರು ದಿನ ಬೈದು ಕೊನೆಗೆ, 'ನಾನು ಆ ಒತ್ನಲ್ಲಿ ಅತ್ಲಾಗೆ ತಿರಿಕ್ಕಂಡು ಕುಂತ್ಕತೀನಿ ಬುಡು' ಎಂದಿದ್ದಾಳೆ. ಚಲುವಯ್ಯನಿಗೆ ಮಾತ್ರ ಇನ್ನೂ ಹೇಳಿಲ್ಲ, ಫ್ಲೆಕ್ಸ್ ಅಚ್ಚಾಗಿದೆ. ರೂಪಿಗೂ ಕೊಡುವುದಿಲ್ಲ, ಸೋಮಮ್ಮನಿಗೂ ಕೊಡುವುದಿಲ್ಲ. ನೀನು ಬರದಿದ್ದರೆ ಕಳಸವನ್ನು ಅಕ್ಕಿಯ ತಟ್ಟೆಯಲ್ಲಿ ನೆಲದ ಮೇಲೇ ಇಟ್ಟು, ನನ್ನ ಹಿಂದಿನ ಜಾಗವನ್ನು ಖಾಲಿ ಬಿಟ್ಟು ಧಾರೆಗೆ ಕೂರುತ್ತೇನೆ. ನನಗೆ ಅಕ್ಕ ಇದ್ದಾಳೆ, ಬಂದಿಲ್ಲ ಅಷ್ಟೇ ಎಂದು ಊರೆಲ್ಲ ನೋಡಲಿ.